ಟ್ರಾಯ್ ಯುದ್ಧದ ಟ್ರಂಪ್ ಕಾರ್ಡ್: ಆಟಕ್ಕೆ ಫುಲ್ ಮಾರ್ಕ್ಸ್, ಕಾರ್ಡಿಗೆ ಇಲ್ಲ

ದಾವಣಗೆರೆಯಲ್ಲಿ ಮಗನ ನೋಟ್‌ಬುಕ್ ತಗೊಳ್ಳುವಾಗ ಅಂಗಡಿಯಲ್ಲಿ ಕಣ್ಣಿಗೆ ಬಿದ್ದ ಸೆಟ್ ಇದು. ಚಿಕ್ಕವರಿದ್ದಾಗ ಕುಸ್ತಿಪಟುಗಳ ಟ್ರಂಪ್ ಕಾರ್ಡ್ ಆಡಿದ್ದೀರಿ ಅಲ್ವಾ, ಅದೇ ಲೆಕ್ಕ. ಇಲ್ಲಿ ಎತ್ತರ, ತೂಕದ ಬದಲು ಹಡಗು, ಬಲ, ಬುದ್ಧಿ, ರೂಪ.

ಹಡಗಿನ ಸಂಖ್ಯೆ ಸುಮ್ನೆ ಹಾಕಿದ್ದಲ್ಲ. ಟ್ರಾಯ್ ನಗರದ ಮೇಲೆ ದಂಡೆತ್ತಿ ಬಂದ ಗ್ರೀಕರಲ್ಲಿ ಯಾರು ಎಷ್ಟು ಹಡಗು ತಂದರು ಅಂತ ಗ್ರೀಕ್ ಕವಿ ಹೋಮರನ ಇಲಿಯಡ್ ಮಹಾಕಾವ್ಯದಲ್ಲಿ ಉದ್ದದ ಪಟ್ಟಿ ಇದೆ, ಅದನ್ನೇ ಇಳಿಸಿದ್ದಾರೆ. ಅಗಮೆಮ್ನಾನ್ 100, ನೆಸ್ಟರ್ 90, ಅಷ್ಟು ಹೆಸರುವಾಸಿ ಒಡಿಸ್ಯೂಸ್ ಬರೀ 12.

ನನಗೆ ಇಷ್ಟವಾದವನು ನಿರಿಯಸ್. ರೋಡ್ಸ್ ಹತ್ತಿರದ ಸೀಮಿ ಅನ್ನೋ ಪುಟ್ಟ ದ್ವೀಪದವನು, ತಂದದ್ದು 3 ಹಡಗು, ಬಲವೂ ಅಷ್ಟಕ್ಕಷ್ಟೇ. ಆದರೆ ರೂಪದಲ್ಲಿ ಅಕಿಲೀಸ್ ಬಿಟ್ಟರೆ ಇವನೇ. ಹೋಮರ್ ಸಾಲಾಗಿ ಮೂರು ಸಾಲುಗಳನ್ನು ಇವನ ಹೆಸರಿನಿಂದಲೇ ಶುರು ಮಾಡುತ್ತಾನೆ, ಆಮೇಲೆ ಇಡೀ ಕಾವ್ಯದಲ್ಲಿ ಇವನ ಸುದ್ದಿಯೇ ಇಲ್ಲ! ಆಟದಲ್ಲೂ ಹಾಗೇ. ನಿಮ್ಮ ಸರದಿಯಲ್ಲಿ ಇವನು ಮೇಲೆ ಬಂದರೆ 'ರೂಪ' ಅಂದುಬಿಡಿ, ಅಗಮೆಮ್ನಾನ್ ಕೂಡ ನಿಮ್ಮ ಕೈಗೆ ಬರುತ್ತಾನೆ. ಎದುರಿನವರ ಸರದಿಯಾದರೆ 'ಹಡಗು' ಅನ್ನುತ್ತಾರೆ, ಮುಗೀತು ಕಥೆ.

ಬೇಜಾರಾಗಿದ್ದು ಪ್ರೊಟೆಸಿಲಾಸ್ ಕಾರ್ಡಿನಲ್ಲಿ. ಟ್ರಾಯ್ ದಡಕ್ಕೆ ಎಲ್ಲರಿಗಿಂತ ಮೊದಲು ಹಾರಿ ಅಲ್ಲೇ ಸತ್ತವನು, 40 ಹಡಗಿನ ನಾಯಕ. ಹಿಂಬದಿಯಲ್ಲಿ 'ಹೆಕ್ಟರ್ ಕೊಂದ' ಅಂತ ಒಂದೇ ಸಾಲು (ಹೆಕ್ಟರ್ ಅಂದರೆ ಟ್ರಾಯ್‌ನ ರಾಜಕುಮಾರ). ಅದು ಆಮೇಲಿನ ಕಥೆಗಳ ಮಾತು. ಹೋಮರ್ ಹೇಳುವುದು ಟ್ರಾಯ್ ಕಡೆಯ ದಾರ್ದಾನಿಯದ ಯಾರೋ ಒಬ್ಬ ಅಂತ ಅಷ್ಟೇ. ಊರಿನಲ್ಲಿ ಅರ್ಧ ಕಟ್ಟಿದ ಮನೆ, ಅಳುತ್ತಾ ಉಳಿದ ಹೆಂಡತಿ, ಇದೆಲ್ಲ ಇಲಿಯಡ್‌ನಲ್ಲೇ ಇದೆ, ಕಾರ್ಡಿನಲ್ಲಿ ಮಾತ್ರ ಇಲ್ಲ. ಅವನ ಜಾಗದಲ್ಲಿ ಸೈನ್ಯ ನಡೆಸಿದ ತಮ್ಮ ಪೊಡಾರ್ಕಿಸ್‌ಗೆ ಒಂದು ಕಾರ್ಡೂ ಕೊಟ್ಟಿಲ್ಲ. ಪಕ್ಕದ ದುರ್ಗದಲ್ಲಿ ಕಾವಲುಗಾರನ ಹೆಂಡತಿಯ ಹೆಸರೇ ಕೋಟೆಯ ಕಿಂಡಿಗೆ ನಿಂತಿದೆ, ಅದನ್ನು ನೋಡಿ ಬೆಳೆದ ನಮಗೆ ಸಣ್ಣವರ ಕಥೆ ನುಂಗಿದರೆ ಸಿಟ್ಟು ಬರುತ್ತೆ.

ಇನ್ನು ಕಾರ್ಡು. ತೆಳ್ಳಗಿನ ರಟ್ಟು, ಮೇಲೆ ಪ್ಲಾಸ್ಟಿಕ್ ಹೊದಿಕೆ ಇಲ್ಲ. ಮಂಡಕ್ಕಿ ಮಿರ್ಚಿ ತಿಂದ ಕೈಯಲ್ಲಿ ಮುಟ್ಟಿದ್ದೇ ತಡ, ಅಕಿಲೀಸ್ ಮುಖಕ್ಕೆ ಎಣ್ಣೆ ಕಲೆ. ಬರಹ ಪೂರ್ತಿ ಇಂಗ್ಲಿಷ್, ಹೆಸರುಗಳು ಮಕ್ಕಳ ಬಾಯಲ್ಲಿ ತಿರುಗುವುದಿಲ್ಲ. ಮಗನ ಕೈಲೇ ಸ್ಕೆಚ್ ಪೆನ್ನಲ್ಲಿ ಕನ್ನಡದಲ್ಲಿ ಬರೆಸಿದೆ.

ಐದಕ್ಕೆ ಮೂರು ಸ್ಟಾರ್. ಓದಲು ಬರುವ ಮಕ್ಕಳಿದ್ದರೆ ಧಾರಾಳವಾಗಿ ತಗೊಳ್ಳಿ, ಆದರೆ ಆಡುವ ಮೊದಲೇ ಜೆರಾಕ್ಸ್ ಅಂಗಡಿಯಲ್ಲಿ ಲ್ಯಾಮಿನೇಶನ್ ಮಾಡಿಸಿಬಿಡಿ.