ಮಲಪ್ರಭೆ ದಂಡೆಗೆ ಯಾವ ಬುತ್ತಿ? ನೂಡಲ್ಸ್, ಖಡಕ್ ರೊಟ್ಟಿ, ಅಳ್ಳಿಟ್ಟು

ಮಲಪ್ರಭೆಯ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ ಹುಟ್ಟಿ ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಸೇರುವ ಹೊಳೆ, ಸುಮಾರು 300 ಕಿಲೋಮೀಟರ್. ಒಬ್ಬನೇ ಹೋಗುತ್ತೇನೆ. ಕ್ಯಾಮೆರಾ, ಮೈಕ್, ಟ್ರೈಪಾಡ್, ನೀರು ಎಲ್ಲಾ ಬೆನ್ನ ಮೇಲೇ. ಊಟಕ್ಕಂತ ಊರಿಗೆ ಹೋದರೆ ಬೆಳಗಿನ ಬೆಳಕು ಕೈತಪ್ಪುತ್ತದೆ, ಹಾಗಾಗಿ ನಾಲ್ಕೈದು ದಿನದ ಬುತ್ತಿ ಜೊತೆಗೇ ಬೇಕು.

ಮೊದಲು ನೂಡಲ್ಸ್ ಒಯ್ದೆ. ಹಗುರ, ಯಾವ ಅಂಗಡಿಯಲ್ಲೂ ಸಿಗುತ್ತದೆ, ಮಳೆಯಲ್ಲಿ ನೆನೆದು ಬಂದಾಗ ಬಿಸಿಬಿಸಿ ತಿಂದರೆ ಜೀವಕ್ಕೆ ಹಾಯೆನಿಸುತ್ತದೆ. ಆದರೆ ಅದಕ್ಕೆ ಗ್ಯಾಸ್ ಸ್ಟೋವ್ ಬೇಕು, ಪಾತ್ರೆ ಬೇಕು, ಬೇಯಿಸೋಕೆ ನೀರು, ತೊಳೆಯೋಕೆ ಮತ್ತೆ ನೀರು. ಒಂದು ಲೀಟರ್ ಅಂದ್ರೆ ಒಂದು ಕಿಲೋ, ಅಲ್ವಾ? ಬೆಳಗಿನ ಜಾವ ಸಿಳ್ಳಾರ ಹಕ್ಕಿಯ ದನಿ ಹಿಡಿಯೋಕೆ ಕೂತರೆ ಸ್ಟೋವಿನ ಭುಸ್ ಸದ್ದು ಮೈಕಿಗೆ ಬರುತ್ತದೆ. ಕಣಕುಂಬಿಯ ಪಕ್ಕದಲ್ಲೇ ಭೀಮಗಡ, 2011ರಲ್ಲಿ ಅಭಯಾರಣ್ಯವಾದ ಸುಮಾರು 190 ಚದರ ಕಿಲೋಮೀಟರ್ ಕಾಡು. ಅದರ ಅಂಚಿನ ಹೊಲದಲ್ಲಿ, ಮಾಲೀಕರ ಒಪ್ಪಿಗೆ ಇದ್ದರೂ, ಒಣ ಎಲೆಗಳ ನಡುವೆ ಬೆಂಕಿ ಹಚ್ಚಲು ನನಗೆ ಮನಸ್ಸು ಬರಲಿಲ್ಲ.

ಖಡಕ್ ರೊಟ್ಟಿಗೆ ಇದ್ಯಾವುದೂ ಬೇಡ. ಅವ್ವ ಬಡಿದು ಒಣಗಿಸಿದ ಜೋಳದ ರೊಟ್ಟಿ, ಶೇಂಗಾ ಚಟ್ನಿ, ಗುರೆಳ್ಳು ಚಟ್ನಿ, ಎರಡು ಉಳ್ಳಾಗಡ್ಡಿ. ಪಟ್ಟದಕಲ್ಲಿನ ಕಡೆ ಏಪ್ರಿಲ್ ಬಿಸಿಲಲ್ಲಿ ಐದು ದಿನ ಇದರ ಮೇಲೇ ಇದ್ದೆ. ಐದನೇ ದಿನವೂ ಮೊದಲ ದಿನದಷ್ಟೇ ಗರಿಗರಿ. ಕಣಕುಂಬಿಯ ಜುಲೈ ಮಾತ್ರ ಬೇರೆ. ಅಲ್ಲಿ ಗಾಳಿಯೇ ಒದ್ದೆ. ಬಟ್ಟೆಯಲ್ಲಿ ಕಟ್ಟಿಕೊಂಡು ಹೋದ ರೊಟ್ಟಿ ಎರಡೇ ದಿನಕ್ಕೆ ಮೆತ್ತಗಾಗಿ, ಮೂರನೇ ದಿನ ಮುಗ್ಗಲು ವಾಸನೆ ಬಂತು, ಅರ್ಧಕ್ಕರ್ಧ ಚೆಲ್ಲಬೇಕಾಯಿತು, ಅವ್ವನ ಶ್ರಮ ನೆನೆದು ಬಹಳ ಬೇಜಾರಾಯಿತು. ಮನೆಗೆ ಬಂದು ಹೇಳಿದರೆ ಅವಳು ಕೇಳಿದ್ದು ಒಂದೇ: “ತಮ್ಮಾ, ಸ್ಟೀಲ್ ಡಬ್ಬಿ ಯಾಕ ಒಯ್ಯಲಿಲ್ಲ?” ಈಗ ಒಯ್ಯುತ್ತೇನೆ, ಮುಚ್ಚಳ ಬಿಗಿ ಇರುವಂಥದ್ದು. ಇನ್ನೊಂದು ತೊಂದರೆ, ಪೊದೆಯಲ್ಲಿ ಕಾಯುತ್ತಾ ಕೂತಾಗ ರೊಟ್ಟಿ ಮುರಿದರೆ ಕಟಕ್ ಅಂತ ಸದ್ದಾಗುತ್ತದೆ. ಮೊದಲೇ ಸ್ವಲ್ಪ ನೀರು ಚಿಮುಕಿಸಿ ಇಟ್ಟುಕೊಂಡರೆ ಆಯಿತು.

ಅಳ್ಳಿಟ್ಟು ಪಂಚಮಿ ಹೊತ್ತಿಗೆ ಜೋಳದ ಅಳ್ಳು ಹುರಿದಾಗ ಉಳಿದದ್ದನ್ನು ಬೀಸಿದ್ದು. ತಣ್ಣೀರು, ಬೆಲ್ಲ ಹಾಕಿ ಕಲಸಿದರೆ ಊಟ ತಯಾರು. ಸದ್ದಿಲ್ಲ, ಹೊಗೆಯಿಲ್ಲ. ಹೊಟ್ಟೆಗೂ ಹಗುರ. ಆದರೆ ಬರೀ ಸಿಹಿ ಎರಡು ದಿನಕ್ಕಿಂತ ಜಾಸ್ತಿ ನನಗೆ ಸೇರುವುದಿಲ್ಲ, ದಿನವಿಡೀ ನಡೆದ ಮೇಲೆ ಖಾರ ಬೇಕೇ ಬೇಕು.

ಬಾಗಲಕೋಟೆ ಕಡೆ ಹೋಗುವವರು ಕಣ್ಣು ಮುಚ್ಚಿ ರೊಟ್ಟಿ ಒಯ್ಯಿರಿ. ಖಾನಾಪುರದ ಮಳೆಗಾಲಕ್ಕೆ ಮೊದಲೆರಡು ದಿನ ಡಬ್ಬಿಯ ರೊಟ್ಟಿ, ಆಮೇಲೆ ಅಳ್ಳಿಟ್ಟು, ಜೊತೆಗೆ ಚಟ್ನಿ ಪುಡಿ. ಸ್ಟೋವ್ ಇಟ್ಟಿದ್ದ ಜಾಗದಲ್ಲಿ ನಾನೀಗ ಎರಡು ಕ್ಯಾಮೆರಾ ಬ್ಯಾಟರಿ ಜಾಸ್ತಿ ಇಡುತ್ತೇನೆ.