‘ಚೀನಾ ಗರ್ಲ್’ ನೋಡುವುದೋ, ‘ಡೆಲ್ಲಿ ಕ್ರೈಮ್ 3’ ನೋಡುವುದೋ?

ಗರ್ಭಿಣಿಯರ ಶೋಷಣೆಯೇ ಕೇಂದ್ರವಾಗಿರುವ ಸರಣಿ ಬೇಕೆನ್ನುವವರು ನಿರ್ದೇಶಕಿ ಜೇನ್ ಕ್ಯಾಂಪಿಯನ್ ಅವರ ‘ಟಾಪ್ ಆಫ್ ದ ಲೇಕ್: ಚೀನಾ ಗರ್ಲ್’ (2017) ಆರಿಸಿಕೊಳ್ಳಬಹುದು. ಸಿಡ್ನಿಯ ಬೊಂಡೈ ಕಡಲತೀರಕ್ಕೆ ತೇಲಿಬಂದ ಸೂಟ್‌ಕೇಸಿನಲ್ಲಿ ಸಿಗುವ ಯುವತಿಯ ಶವದ ತನಿಖೆಯು, ವೇಶ್ಯಾಗೃಹದ ಏಷ್ಯಾ ಮೂಲದ ಹೆಣ್ಣುಮಕ್ಕಳನ್ನು ಅಕ್ರಮ ಬಾಡಿಗೆ ತಾಯ್ತನಕ್ಕೆ ಬಳಸುವ ಜಾಲವನ್ನು ಬಯಲಿಗೆಳೆಯುತ್ತದೆ. ಆದರೆ ಪತ್ತೇದಾರಿ ರಾಬಿನ್ ತಾನು ಹೆತ್ತು ದತ್ತು ಕೊಟ್ಟ ಮಗಳನ್ನು ಎದುರುಗೊಳ್ಳುವ ಕತೆಯೇ ಹೆಚ್ಚು ಜಾಗ ಪಡೆದು, ಆ ಹೆಣ್ಣುಮಕ್ಕಳ ದನಿ ಕ್ಷೀಣಿಸುತ್ತದೆ ಎಂಬುದು ನನ್ನ ಗಂಭೀರ ತಕರಾರು.

ಪೊಲೀಸ್ ತನಿಖೆಯ ಸರಣಿ ‘ಡೆಲ್ಲಿ ಕ್ರೈಮ್’ನ ಮೂರನೆಯ ಸೀಸನ್ (2025), 2012ರಲ್ಲಿ ದೆಹಲಿಯ ಏಮ್ಸ್‌ಗೆ ತೀವ್ರ ಗಾಯಗಳೊಂದಿಗೆ ದಾಖಲಾದ ಎರಡು ವರ್ಷದ ಮಗುವಿನ ಪ್ರಕರಣದಿಂದ ಪ್ರೇರಿತವಾದದ್ದು; ಆ ಮಗುವಿನ ಜಾಡು ಹಿಡಿದ ತನಿಖೆ ಹೆಣ್ಣುಮಕ್ಕಳ ಮಾರಾಟ ಜಾಲವನ್ನು ತಲುಪುತ್ತದೆ. ಬಡ ಮನೆಯ ಹುಡುಗಿಯರನ್ನು ಕೆಲಸದ, ಮದುವೆಯ ಆಸೆ ತೋರಿಸಿ ಮಾರುವ ಬಗೆಯನ್ನು ಅರಿಯಬೇಕೆನ್ನುವವರಿಗೆ ನಾನು ಇದನ್ನೇ ಸೂಚಿಸುತ್ತೇನೆ. ಆಸ್ಪತ್ರೆಯ ದೃಶ್ಯಗಳನ್ನು ಮಾತ್ರ ಎಳೆಯ ಮಕ್ಕಳಿರುವವರು ಮನಸ್ಸು ಗಟ್ಟಿ ಮಾಡಿಕೊಂಡೇ ನೋಡಬೇಕು.