ಇಎಂಐ ಬಿಡಿ, ಕೊನೆಯ ಕಂತಿನ ತಿಂಗಳು ನೋಡಿ

ಗೃಹಸಾಲ ಇರುವವರೆಲ್ಲ ದಯವಿಟ್ಟು ಒಂದು ಕೆಲಸ ಮಾಡಿ. ಬ್ಯಾಂಕಿನ ಆ್ಯಪ್ ತೆರೆದು, ನಿಮ್ಮ ಸಾಲದ ಕೊನೆಯ ಕಂತು ಯಾವ ತಿಂಗಳು, ಯಾವ ವರ್ಷ ಅಂತ ನೋಡಿ. ಸಾಲ ಕೊಡುವಾಗ ಹೇಳಿದ್ದ ವರ್ಷವೇ ಇದೆಯಾ? ನಮ್ಮದು 2041ರ ಡಿಸೆಂಬರ್ ಇತ್ತು. ನಮ್ಮನ್ನು ಕೇಳದೆ, ಒಂದು ಸಹಿಯೂ ಇಲ್ಲದೆ, ಅದು 2051ರ ಡಿಸೆಂಬರ್ ಆಗಿಬಿಟ್ಟಿತ್ತು. ಆಗ ನನಗೆ 63 ವರ್ಷ. ಸಂಬಳ ನಿಂತು ಮೂರು ವರ್ಷ ಆಗಿರುತ್ತದೆ, ಕಂತು ಮಾತ್ರ ನಿಂತಿರುವುದಿಲ್ಲ.

ಬ್ಯಾಂಕಿನ ಹೆಸರು ಬರೆಯುವುದಿಲ್ಲ. ಬರೆದು ಪ್ರಯೋಜನವೂ ಇಲ್ಲ. ಆ ಸಮಯದಲ್ಲಿ ಇದನ್ನು ಮಾಡಿದ್ದು ಒಂದೇ ಬ್ಯಾಂಕ್ ಅಲ್ಲ.

ನಾವು ಬೆಂಗಳೂರಿನಲ್ಲಿ ಫ್ಲಾಟ್ ತೆಗೆದುಕೊಂಡಿದ್ದು 2021ರ ಕೊನೆಗೆ. ಕೋವಿಡ್ ಕಾಲದಲ್ಲಿ ರಿಸರ್ವ್ ಬ್ಯಾಂಕ್ ರೆಪೋ ದರವನ್ನು, ಅಂದರೆ ತಾನು ಬ್ಯಾಂಕುಗಳಿಗೆ ಕೊಡುವ ಅಲ್ಪಾವಧಿ ಸಾಲದ ಬಡ್ಡಿಯನ್ನು, 4%ಗೆ ಇಳಿಸಿತ್ತು. ಹಾಗಾಗಿ ಗೃಹಸಾಲ 6.7%ಗೆ ಸಿಗುತ್ತಿತ್ತು. ಇಷ್ಟು ಕಡಿಮೆ ಬಡ್ಡಿ ಮತ್ತೆ ಸಿಗಲ್ಲ ಅಂತ ಎಲ್ಲರೂ ಹೇಳುತ್ತಿದ್ದರು. ಅದು ಸುಳ್ಳೂ ಅಲ್ಲ. ಆದರೆ ಆ 6.7% ಇಪ್ಪತ್ತು ವರ್ಷಕ್ಕೆ ಬರೆದುಕೊಟ್ಟ ದರ ಅಲ್ಲ, ಆ ದಿನದ ದರ ಅಷ್ಟೆ. ಸಾಲ ಕೊಡುವಾಗ ಈ ಮಾತನ್ನು ಯಾರೂ ಒತ್ತಿ ಹೇಳಲ್ಲ. ಒಪ್ಪಂದದ ಸಣ್ಣ ಅಕ್ಷರದಲ್ಲಿ ಇರುತ್ತದೆ.

50 ಲಕ್ಷ ಸಾಲ, 240 ಕಂತು, ತಿಂಗಳಿಗೆ 37,870 ರೂಪಾಯಿ. ದರ ಕೊನೆಯವರೆಗೂ ಹಾಗೇ ಇದ್ದರೆ ಒಟ್ಟು ಕಟ್ಟುವುದು ಸುಮಾರು 90.9 ಲಕ್ಷ. ಅಂದರೆ ಕಡಿಮೆ ಬಡ್ಡಿಯ ಕಾಲದಲ್ಲೂ 41 ಲಕ್ಷ ಬಡ್ಡಿಗೇ ಹೋಗುತ್ತದೆ. ಮಂಜೂರಾತಿ ಪತ್ರದಲ್ಲಿ ಇಎಂಐ ದಪ್ಪ ಅಕ್ಷರದಲ್ಲಿತ್ತು. 90.9 ಲಕ್ಷ ಅನ್ನುವ ಅಂಕಿ ಎಲ್ಲೂ ಇರಲಿಲ್ಲ. ನಾವೇ ಗುಣಿಸಿ ನೋಡಬೇಕು.

2022ರ ಮೇ ತಿಂಗಳಲ್ಲಿ ರೆಪೋ ಏರಲು ಶುರುವಾಯಿತು. ಮುಂದಿನ ಫೆಬ್ರವರಿ ಹೊತ್ತಿಗೆ 6.5% ಮುಟ್ಟಿತು. ನಮ್ಮ ಸಾಲದ ಬಡ್ಡಿ ರೆಪೋಗೆ ಜೋಡಿಸಿದ್ದು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ (ಬಡ್ಡಿ ಬದಲಾಗುತ್ತಾ ಹೋಗುವ) ಗೃಹಸಾಲಗಳೆಲ್ಲ ರೆಪೋ ಥರದ ಹೊರಗಿನ ದರಕ್ಕೇ ಜೋಡಿಸಿರಬೇಕು. ಹಾಗಾಗಿ ನಮ್ಮದೂ ಎರಡೂವರೆ ಪರ್ಸೆಂಟ್ ಏರಿ 9.2% ಆಯಿತು. ಇದರ ಬಗ್ಗೆ ನನ್ನ ತಕರಾರಿಲ್ಲ. ಫ್ಲೋಟಿಂಗ್ ಅಂದಮೇಲೆ ಏರುತ್ತದೆ, ಇಳಿಯುತ್ತದೆ.

ತಕರಾರು ಇರುವುದು ಆಮೇಲೆ ಆದದ್ದಕ್ಕೆ. ಆ ವರ್ಷ ಪೂರ್ತಿ ನಮ್ಮ ಇಎಂಐ ಒಂದು ರೂಪಾಯಿ ಏರಲಿಲ್ಲ! ಬಡ್ಡಿ ಏರಿದೆ ಅಂತ ದಿನಾ ಪೇಪರ್‌ನಲ್ಲಿ ಬರುತ್ತಿದೆ, ನಮ್ಮ ಖಾತೆಯಿಂದ ಮಾತ್ರ ಅದೇ 37,870 ಹೋಗುತ್ತಿದೆ. ಆಫೀಸಿನಲ್ಲಿ ಸುಮಾರು ಜನ ಇದನ್ನು ತಮ್ಮ ಅದೃಷ್ಟ ಅಂದುಕೊಂಡಿದ್ದರು. ಬ್ಯಾಂಕಿನ ಕಂಪ್ಯೂಟರ್ ಹಿಂದಿನಿಂದ ಅವಧಿಯನ್ನು ಹಿಗ್ಗಿಸುತ್ತಾ ಹೋಗುತ್ತಿತ್ತು. ಕೊನೆಗೆ ಅದು ಬ್ಯಾಂಕಿನದೇ 30 ವರ್ಷದ ಮಿತಿಯನ್ನೂ ದಾಟಿತು. ಆಗ, 2023ರ ಏಪ್ರಿಲ್‌ನಲ್ಲಿ, ಅವಧಿಯನ್ನು 360 ತಿಂಗಳಿಗೆ ತಂದು ನಿಲ್ಲಿಸಿ ಇಎಂಐಯನ್ನು 40,534 ಮಾಡಿದರು. ಎಸ್ಎಂಎಸ್ ಬಂತು. ಅದರಲ್ಲಿ ಹೊಸ ಇಎಂಐ ಮೊತ್ತ ಇತ್ತು, ಅವಧಿಯ ಮಾತೇ ಇರಲಿಲ್ಲ. ಹಣ ಎಳೆದುಕೊಳ್ಳಲು ಕೊಟ್ಟ ನಾಚ್ ಮ್ಯಾಂಡೇಟ್‌ನಲ್ಲಿ ಮಿತಿಯನ್ನು ಮೊದಲೇ ಇಎಂಐಗಿಂತ ಮೇಲೆ ಹಾಕಿಸಿಕೊಂಡಿರುತ್ತಾರೆ. ಹೊಸ ಮೊತ್ತವೂ ಸಲೀಸಾಗಿ ಹೋಯಿತು.

ವಿಷಯ ಹೊರಬಿದ್ದದ್ದು ಜುಲೈನಲ್ಲಿ, ತೆರಿಗೆ ರಿಟರ್ನ್‌ಗೆ ಅಂತ ಬಡ್ಡಿ ಸರ್ಟಿಫಿಕೇಟ್ ಡೌನ್‌ಲೋಡ್ ಮಾಡಿದಾಗ. ಒಂದೇ ಹಾಳೆ, ಎರಡು ಸಾಲು. ವರ್ಷದಲ್ಲಿ ನಾವು ಕಟ್ಟಿದ್ದು 4,54,440. ಬಡ್ಡಿಗೆ ಹೋದದ್ದು 3,92,388. ಅಸಲಿಗೆ 62,052. ಮೊದಲ ಕಂತಿನಲ್ಲೇ ಸುಮಾರು ಹತ್ತು ಸಾವಿರ ಅಸಲಿಗೆ ಹೋಗಿತ್ತು, ಹಾಗಿದ್ದರೆ ವರ್ಷಕ್ಕೆ 1.2 ಲಕ್ಷದ ಮೇಲೆ ಇಳಿಯಬೇಕಿತ್ತು. ಸುಮಾರು ಅರ್ಧದಷ್ಟೇ ಇಳಿದಿದೆ. ಯಾಕೆ ಅಂತ ಮರುಪಾವತಿ ಪಟ್ಟಿ ತೆಗೆದು ಕೆಳಗೆ, ಇನ್ನೂ ಕೆಳಗೆ ಎಳೆದರೆ ಕೊನೆಯ ಸಾಲಿನಲ್ಲಿ 2051.

ಆ ಪಟ್ಟಿ ಇಟ್ಟುಕೊಂಡು ನಾನು ಮಾಡಿದ ಲೆಕ್ಕ ಇಲ್ಲಿದೆ. 2023ರ ಏಪ್ರಿಲ್ ಹೊತ್ತಿಗೆ ಬಾಕಿ ಸುಮಾರು 49.08 ಲಕ್ಷ. 9.2%ರಂತೆ ಆ ತಿಂಗಳ ಬಡ್ಡಿಯೇ 37,627. ಹಳೇ ಇಎಂಐ ಮುಂದುವರಿದಿದ್ದರೆ ಅದರಲ್ಲಿ ಅಸಲಿಗೆ ಹೋಗುತ್ತಿದ್ದದ್ದು ಎಷ್ಟು ಗೊತ್ತಾ? 243 ರೂಪಾಯಿ. ದರ್ಶಿನಿಯಲ್ಲಿ ಇಬ್ಬರು ಮಸಾಲೆ ದೋಸೆ ತಿಂದು ಕಾಫಿ ಕುಡಿಯುವಷ್ಟು. ಅದೇ ಲೆಕ್ಕದಲ್ಲಿ ಹೋದರೆ ಸಾಲ ತೀರಲು ಇನ್ನೂ 55 ವರ್ಷ ಬೇಕಿತ್ತು.

ಈಗ ಎರಡು ದಾರಿ ಹೋಲಿಸಿ ನೋಡಿ. 2041ಕ್ಕೇ ಸಾಲ ಮುಗಿಯಬೇಕಾದರೆ ಏಪ್ರಿಲ್‌ನಿಂದ ಇಎಂಐ 45,850 ಆಗಬೇಕಿತ್ತು, ಉಳಿದ 225 ಕಂತಿಗೆ ಒಟ್ಟು 1.03 ಕೋಟಿ. ಬ್ಯಾಂಕ್ ಮಾಡಿದ್ದು 40,534, ಉಳಿದ 345 ಕಂತಿಗೆ ಒಟ್ಟು 1.40 ಕೋಟಿ. ದರ ಹಾಗೇ ಇದ್ದರೆ, ತಿಂಗಳಿಗೆ 5,316 ರೂಪಾಯಿ 'ಉಳಿಸಿಕೊಟ್ಟು' ಸುಮಾರು 36.7 ಲಕ್ಷ ಜಾಸ್ತಿ ವಸೂಲಿ. ಈ ಲೆಕ್ಕ ಯಾರು ಬೇಕಾದರೂ ಇಎಂಐ ಕ್ಯಾಲ್ಕ್ಯುಲೇಟರ್‌ನಲ್ಲಿ ಮಾಡಬಹುದು. ಬ್ಯಾಂಕಿಗೂ ಗೊತ್ತು. ನಮಗೊಂದು ಫೋನ್ ಮಾಡಿ "ಯಾವುದು ಬೇಕು?" ಅಂತ ಕೇಳುವುದಕ್ಕೆ ಎಷ್ಟು ಹೊತ್ತು ಬೇಕಿತ್ತು?

ಬ್ರಾಂಚಿನಲ್ಲಿ ಕೇಳಿದರೆ ಅಧಿಕಾರಿ ಹೇಳಿದ್ದು, "ಇಎಂಐ ಜಾಸ್ತಿ ಮಾಡಿದ್ರೆ ಕಸ್ಟಮರ್ಸ್ ಬೈತಾರೆ ಸರ್, ನಿಮಗೆ ಹೊರೆ ಆಗಬಾರದು ಅಂತ ಸಿಸ್ಟಮ್ಮೇ ಮಾಡುತ್ತೆ." ಅವಧಿ ಕಡಿಮೆ ಮಾಡಲು ಅರ್ಜಿ ಕೊಟ್ಟರೆ ಫಾರಂ ಇಲ್ಲ, ಸೆಂಟ್ರಲ್ ಪ್ರಾಸೆಸಿಂಗ್‌ಗೆ ಕಳಿಸಬೇಕು, ಮೇಲ್ ಮಾಡಿ, ಮತ್ತೆ ಬನ್ನಿ. ಎರಡು ನಿಮಿಷದಲ್ಲಿ ಹತ್ತು ವರ್ಷ ಸೇರಿಸಿದ ಸಿಸ್ಟಮ್ಮಿಗೆ ತೆಗೆಯುವುದು ಬರುವುದಿಲ್ಲ, ನೋಡಿ.

ನಮ್ಮ ಕೆಲಸ ಆದದ್ದು 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಹೊರಡಿಸಿದ ಸುತ್ತೋಲೆಯಿಂದ. ಅದರ ಪ್ರತಿ ಲಗತ್ತಿಸಿ ಮತ್ತೆ ಬರೆದೆ. ಅದರಲ್ಲಿ ಇರುವುದು ಇದು: ಬಡ್ಡಿ ಏರಿದಾಗ ಇಎಂಐ ಅಥವಾ ಅವಧಿ ಅಥವಾ ಎರಡೂ ಬದಲಾದರೆ ತಕ್ಷಣ ಸಾಲಗಾರರಿಗೆ ತಿಳಿಸಬೇಕು. ಇಎಂಐ ಏರಿಸುವುದಾ, ಅವಧಿ ಹಿಗ್ಗಿಸುವುದಾ, ಎರಡೂ ಸ್ವಲ್ಪ ಸ್ವಲ್ಪವಾ ಅನ್ನುವ ಆಯ್ಕೆ ಸಾಲಗಾರರಿಗೆ ಕೊಡಬೇಕು. ಇಎಂಐ ಬಡ್ಡಿಗೂ ಸಾಲದೆ ಅಸಲು ಬೆಳೆಯುವಷ್ಟು ಅವಧಿ ಹಿಗ್ಗಿಸಬಾರದು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಕೊಡಬೇಕು, ಅದರಲ್ಲಿ ಇಲ್ಲಿಯವರೆಗೆ ಕಟ್ಟಿದ ಅಸಲು, ಬಡ್ಡಿ, ಇಎಂಐ ಮೊತ್ತ, ಉಳಿದ ಕಂತುಗಳ ಸಂಖ್ಯೆ ಇರಬೇಕು. ಹಳೇ ಸಾಲಗಳಿಗೂ ಆ ವರ್ಷದ ಡಿಸೆಂಬರ್ 31ರೊಳಗೆ ಇದನ್ನು ಜಾರಿ ಮಾಡಬೇಕು ಅಂತ ಇತ್ತು. ಅಕ್ಟೋಬರ್‌ನಿಂದ ನಮ್ಮ ಕಂತು 46,157 ಆಯಿತು. ಕೊನೆಯ ತಿಂಗಳು ಮತ್ತೆ 2041ರ ಡಿಸೆಂಬರ್. ಕಾರು ತೆಗೆದುಕೊಳ್ಳುವ ಯೋಚನೆ ಮುಂದಕ್ಕೆ ಹೋಯಿತು.

ಇನ್ನೊಂದು ವಿಷಯ, ಇನ್ಶೂರೆನ್ಸ್. ನಮಗೆ ಬೇಕಿದ್ದದ್ದು 48.2 ಲಕ್ಷ. 50 ಆದದ್ದು ಹೇಗೆ ಅಂದರೆ 1.8 ಲಕ್ಷದ ಸಿಂಗಲ್ ಪ್ರೀಮಿಯಂ (ಪೂರ್ತಿ ಹಣ ಒಂದೇ ಸಲ ಕಟ್ಟುವ) ಜೀವವಿಮೆ ಪಾಲಿಸಿಯನ್ನು ಸಾಲದ ಒಳಗೇ ಸೇರಿಸಿದರು. "ಇದಿಲ್ಲದೆ ಫೈಲ್ ಮುಂದೆ ಹೋಗಲ್ಲ" ಅನ್ನುವ ಮಾತು ಬಾಯಲ್ಲಿ ಬಂತು. ಕಾಗದದಲ್ಲಿ ಬರೆದುಕೊಡಿ ಅಂದರೆ ಕೊಡುವುದಿಲ್ಲ, ಏಕೆಂದರೆ ಅಂಥ ನಿಯಮವೇ ಇಲ್ಲ. ಆ 1.8 ಲಕ್ಷಕ್ಕೂ ಇಪ್ಪತ್ತು ವರ್ಷ ಬಡ್ಡಿ ಕಟ್ಟಬೇಕು. ಶುರುವಿನ 6.7%ರ ಲೆಕ್ಕದಲ್ಲೇ ಅದು 3.27 ಲಕ್ಷ ಆಗುತ್ತದೆ. ಸಾಲ ಇರುವವರಿಗೆ ಜೀವವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಹೊರಗೆ ಒಂದು ಟರ್ಮ್ ಪಾಲಿಸಿ (ಅವಧಿಯೊಳಗೆ ಸತ್ತರೆ ಮಾತ್ರ ಹಣ ಬರುವ ವಿಮೆ) ಮಾಡಿಸಿ, ವರ್ಷ ವರ್ಷ ಪ್ರೀಮಿಯಂ ಕಟ್ಟಿ. ಸಾಲ ಬೇರೆ ಬ್ಯಾಂಕಿಗೆ ವರ್ಗ ಮಾಡಿದರೂ ಅದು ನಿಮ್ಮ ಜೊತೆಗೇ ಇರುತ್ತದೆ.

ತೆರಿಗೆ ಉಳಿಯುತ್ತದೆ ಅಂತ ಹೇಳುವವರಿಗೆ ಒಂದು ಮಾತು. ಸ್ವಂತ ವಾಸದ ಮನೆಗೆ ಬಡ್ಡಿಯ ಮೇಲಿನ ವಿನಾಯಿತಿ ಹಳೇ ತೆರಿಗೆ ಪದ್ಧತಿಯಲ್ಲಿ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ. ಹೊಸ ಪದ್ಧತಿಯಲ್ಲಿ ಅದೂ ಇಲ್ಲ. ನಾವು ಸುಮಾರು 3.9 ಲಕ್ಷ ಬಡ್ಡಿ ಕಟ್ಟಿದ ವರ್ಷ, 30%ರ ಸ್ಲ್ಯಾಬ್‌ನಲ್ಲಿ ಇದ್ದವರಿಗೂ ಉಳಿಯುತ್ತಿದ್ದದ್ದು ಸೆಸ್ ಸೇರಿ 62,400. ತೆರಿಗೆ ಉಳಿಸಲು ಸಾಲವನ್ನು ಬೇಕಂತಲೇ ಉದ್ದ ಇಟ್ಟುಕೊಳ್ಳುವ ಲೆಕ್ಕ ನನಗಂತೂ ಅರ್ಥವಾಗಿಲ್ಲ.

ಹೊಸದಾಗಿ ಮನೆ ನೋಡುತ್ತಿರುವವರು ನೋಂದಣಿ ಖರ್ಚನ್ನು ಬೇರೆಯಾಗಿ ಎತ್ತಿಡಿ. ಕರ್ನಾಟಕದಲ್ಲಿ 45 ಲಕ್ಷದ ಮೇಲಿನ ಆಸ್ತಿಗೆ ಮುದ್ರಾಂಕ ಶುಲ್ಕ 5%, ಅದರ ಮೇಲೆ ಸೆಸ್, ಸರ್‌ಚಾರ್ಜ್. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ 1% ಇದ್ದದ್ದು 2% ಆಗಿದೆ. ಸಾಮಾನ್ಯವಾಗಿ ಈ ಹಣ ಗೃಹಸಾಲದಲ್ಲಿ ಸಿಗಲ್ಲ. 30ರಿಂದ 75 ಲಕ್ಷದ ಸಾಲಕ್ಕೆ ಮನೆ ಬೆಲೆಯ 80% ಮಾತ್ರ ಕೊಡುತ್ತಾರೆ, ಉಳಿದ 20% ನಿಮ್ಮ ಕೈಯಿಂದ, ನೋಂದಣಿಯೂ ನಿಮ್ಮ ಕೈಯಿಂದ. ಇದಕ್ಕೆ ಅಂತ ಕೊನೇ ಗಳಿಗೆಯಲ್ಲಿ ಪರ್ಸನಲ್ ಲೋನ್ ಎತ್ತಿ ಎರಡು ಕಂತಿನ ಮಧ್ಯೆ ಸಿಕ್ಕಿಕೊಂಡವರನ್ನು ನೋಡಿದ್ದೇನೆ. ಬಿ-ಖಾತಾ (ಪೂರ್ತಿ ಸಕ್ರಮ ದಾಖಲೆ ಇಲ್ಲದ) ಆಸ್ತಿ ಅಂತ ಬ್ಯಾಂಕ್ ಬಿಟ್ಟು ಹೌಸಿಂಗ್ ಫೈನಾನ್ಸ್ ಕಂಪನಿಗೆ ಹೋಗುವವರು ಇನ್ನೂ ಹುಷಾರಾಗಿರಿ. ರೆಪೋ ಜೋಡಣೆಯ ನಿಯಮ ಬ್ಯಾಂಕುಗಳಿಗೆ ಮಾತ್ರ. ಆ ಕಂಪನಿಗಳು ತಮ್ಮದೇ ದರ ಇಟ್ಟುಕೊಂಡಿರುತ್ತವೆ, ಅದು ಏರುವಷ್ಟು ಬೇಗ ಇಳಿಯುತ್ತದೆ ಅಂತ ನಂಬಿ ಕೂರಬೇಡಿ. ಆದರೆ ಇಎಂಐ-ಅವಧಿಯ 2023ರ ಸುತ್ತೋಲೆ ಅವಕ್ಕೂ ಅನ್ವಯಿಸುತ್ತದೆ.

ಕೈಯಲ್ಲಿ ಸ್ವಲ್ಪ ದುಡ್ಡು ಬಂದಾಗ ಅಸಲಿಗೆ ಕಟ್ಟಿ. ವ್ಯಕ್ತಿಗಳ ಫ್ಲೋಟಿಂಗ್ ಗೃಹಸಾಲಕ್ಕೆ ಮುಂಚಿತ ಪಾವತಿಯ ದಂಡ ಹಾಕುವಂತಿಲ್ಲ. ಬ್ಯಾಂಕುಗಳಿಗೆ 2012ರಿಂದಲೇ ಈ ನಿಯಮ ಇದೆ. ಅದರ ಬಲ ಎಷ್ಟು ಅಂತ ನಮ್ಮದೇ ಲೆಕ್ಕದಲ್ಲಿ ನೋಡಿ: 345 ಕಂತು ಬಾಕಿ ಇದ್ದಾಗ ಒಂದೇ ಸಲ 2 ಲಕ್ಷ ಕಟ್ಟಿ ಇಎಂಐ ಹಾಗೇ ಬಿಟ್ಟಿದ್ದರೆ 55 ಕಂತು ಕಡಿಮೆಯಾಗುತ್ತಿತ್ತು. ಆ ಕಂತುಗಳ ಮೊತ್ತ 22 ಲಕ್ಷದ ಮೇಲೆ! ಕಟ್ಟುವಾಗ ಮಾತ್ರ "ಇಎಂಐ ಕಡಿಮೆ ಮಾಡಬೇಡಿ, ಅವಧಿ ಕಡಿಮೆ ಮಾಡಿ" ಅಂತ ಬರೆದು ಕೊಡಿ. ಆಮೇಲೆ ಹೊಸ ಪಟ್ಟಿ ತೆಗೆಸಿಕೊಂಡು ಕೊನೆಯ ಸಾಲು ನೋಡಿ. ಬಾಯಲ್ಲಿ ಹೇಳಿದ್ದು ಕೆಲವು ಸಲ ಉಲ್ಟಾ ಎಂಟ್ರಿ ಆಗುತ್ತದೆ.

ಈಗ ಗಾಳಿ ತಿರುಗಿದೆ. 2025ರಲ್ಲಿ ರೆಪೋ ನಾಲ್ಕು ಸಲ ಇಳಿದು 6.5%ರಿಂದ 5.25%ಗೆ ಬಂತು. ನಿಮ್ಮದು ರೆಪೋ ಸಾಲ ಆಗಿದ್ದರೆ ಒಂದೂಕಾಲು ಪರ್ಸೆಂಟ್ ಇಳಿದಿರಬೇಕು, ಇಳಿದಿದೆಯಾ ನೋಡಿ. 2019ಕ್ಕಿಂತ ಹಿಂದಿನ ಸಾಲ ಆಗಿದ್ದರೆ ಅದು ಇನ್ನೂ ಬ್ಯಾಂಕುಗಳೇ ನಿಗದಿ ಮಾಡುವ ಹಳೇ ದರಗಳಾದ ಎಂಸಿಎಲ್‌ಆರ್‌ನಲ್ಲೋ ಬೇಸ್ ರೇಟ್‌ನಲ್ಲೋ ಕೂತಿರಬಹುದು, ರೆಪೋಗೆ ಬದಲಾಯಿಸಲು ಕೇಳಿ. ಇಎಂಐ ಇಳಿಸುತ್ತೇವೆ ಅಂತ ಮೆಸೇಜ್ ಬಂದರೆ ತಕ್ಷಣ ಖುಷಿಪಡಬೇಡಿ. ಹಿಂದೆ ಅವಧಿ ಹಿಗ್ಗಿದ್ದರೆ ಮೊದಲು ಅದು ಕುಗ್ಗಬೇಕು.

ಬ್ರಾಂಚಿಗೆ ಹೋದರೆ ಬಾಯಿಮಾತಿಗೆ ನಿಲ್ಲಬೇಡಿ. ಅರ್ಜಿ ಎರಡು ಪ್ರತಿ ಮಾಡಿ, ಒಂದಕ್ಕೆ ಸೀಲ್ ಹಾಕಿಸಿಕೊಳ್ಳಿ, ಅದನ್ನೇ ಮೇಲ್ ಕೂಡ ಮಾಡಿ. 30 ದಿನದಲ್ಲಿ ಉತ್ತರ ಬರದಿದ್ದರೆ ಅಥವಾ ಬಂದ ಉತ್ತರ ಸರಿ ಇಲ್ಲದಿದ್ದರೆ ಗ್ರಾಹಕರ ದೂರು ವಿಚಾರಿಸುವ ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ ಅದರ ದೂರಿನ ವೆಬ್‌ಸೈಟ್ ಆದ ಸಿಎಂಎಸ್ ಪೋರ್ಟಲ್‌ನಲ್ಲಿ ದೂರು ಹಾಕಬಹುದು, ಖರ್ಚಿಲ್ಲ. ವಿಚಾರಿಸಲು 14448ಗೆ ಫೋನ್ ಮಾಡಬಹುದು. ದೂರಿನ ಜೊತೆ ಎರಡು ಕಾಗದ ಇರಲಿ: ಸಾಲ ಕೊಟ್ಟಾಗಿನ ಮರುಪಾವತಿ ಪಟ್ಟಿ ಮತ್ತು ಇವತ್ತಿನದು. ಹಳೆಯದು ನಿಮ್ಮ ಹತ್ತಿರ ಇಲ್ಲದಿದ್ದರೆ ಬ್ಯಾಂಕಿನಿಂದ ಇವತ್ತೇ ಕೇಳಿ ತೆಗೆದಿಟ್ಟುಕೊಳ್ಳಿ.